ಹೊಳೆಮ್ಮ ಓ ಅಂದದ್ದು

"ಹೆಸರು ಹಿಡದು ಕೂಗಬ್ಯಾಡ್ರೀ! ತಾಟು ಬಡೀರಿ!"

ಗಾದಿಗನೂರಿನ ಆ ಮನಿ ಒಳಗಿಂದ ಮುದುಕಿ ತಿಪ್ಪಕ್ಕ ಚೀರಿದ್ಲು. ಬಾಗಿಲಿಗೆ ಒಂದು ನೆಗ್ಗಿದ ತಾಟು, ಒಂದು ಸೌಟು ಕಟ್ಟಿತ್ತು. ಹೊಸಪೇಟಿ ವಕೀಲ ವೇದಾಂತ್ ಕರೀ ಕೋಟಿನ ಕಾಲರ್ ಎತ್ತಿದ. ಹೀರೋ ಎಂಟ್ರಿ ಕೊಟ್ಟಂಗ ಹೊಸ್ತಿಲ ಮ್ಯಾಲ ಕಾಲಿಟ್ಟು ಇನ್ನೂ ಜೋರಾಗಿ ಕೂಗಿದ.

"ಹೊಳೆಮ್ಮಾ!"

ತಿಪ್ಪಕ್ಕನ ಸೊಸಿ ಹೊಳೆಮ್ಮ ಬಾಯಾಗ ಸೆರಗು ತುರುಕ್ಕೊಂಡು ಗ್ವಾಡಿಗೆ ಅಂಟಿ ನಿಂತಿದ್ಲು.

ಅಕಿ ಗಂಡ ಗವಿಸಿದ್ದಪ್ಪ ಸಂಡೂರು ರಸ್ತೆದಾಗ ಅದಿರು ಲಾರಿ ಕೆಳಗ ಸತ್ತಿದ್ದ. ಲಾರಿ ಮಾಲಕನ ಮ್ಯಾಲ ಪರಿಹಾರಕ್ಕ ಕೇಸ್ ಹಾಕಿದ ವಾರಕ್ಕ ಹೊಸ್ತಿಲ ಮುಂದ ಒಂದು ಮಾಟದ ಕುಡಿಕಿ ಸಿಕ್ತು. ಒಳಗ ಕೆಂಪು ಅದಿರು ಪುಡಿ, ಮೊಳಿ ಚುಚ್ಚಿದ ಲಿಂಬಿಹಣ್ಣು, ಸತ್ತವನ ಕೂದಲು. ಅವತ್ತಿಂದ ದೀಪ ಹಚ್ಚೋ ಹೊತ್ತಿಗೆ ಗವಿಸಿದ್ದಪ್ಪನ ದನಿ ಬಾಗಿಲಿಗೆ ಬಂದು ಹೆಸರು ಹಿಡದು ಕರೀತಿತ್ತು. ಅವನ ತಮ್ಮ ಗಾಳೆಪ್ಪ ತಡೀಲಾರದ "ಓ, ಅಣ್ಣಾ" ಅಂದ. ಬೆಳಿಗ್ಗಿ ಹೊರಸಿನ ಮ್ಯಾಲ ಹೆಣ ಇತ್ತು. ಬಾಯಿ ತುಂಬ ಕೆಂಪು ಪುಡಿ.

ಮತ್ತ ಯಾರು ಕೂಗಿದ್ರೂ ಆ ಮನಿಯವರು ಓ ಅನ್ನಲಿಲ್ಲ. ಕೋರ್ಟಿನಾಗೂ ಅನ್ನಲಿಲ್ಲ. ಹಳೇ ವಕೀಲ ಅವತ್ತು ಬಂದೇ ಇರ್ಲಿಲ್ಲ. ಹೊಳೆಮ್ಮ ಹೊರಗ ಬೆಂಚಿನ ಮ್ಯಾಲ ಕುಂತೇ ಇದ್ಲು. ಜವಾನ ಮೂರು ಸಲ ಕೂಗಿದ್ರೂ ಬಾಯಿ ಬಿಡಲಿಲ್ಲ. ಗೈರುಹಾಜರಿ ಅಂತ ಕೇಸ್ ವಜಾ ಆತು.

"ಕೇಳಿಸಿದ್ರೂ ಸುಮ್ನ ಕುಂತಿದ್ರೇನಕ್ಕಾ? ಇದನ್ನ ಜಡ್ಜ್ ಮುಂದ ಹೇಳಿದ್ರ ನನ್ನ ಕೋಟ್ ಬಿಚ್ಚಿಸಿ ಕಳಿಸ್ತಾರ," ವೇದಾಂತ್ ಬಿದ್ದು ಬಿದ್ದು ನಕ್ಕ. "ಮತ್ತ ಅರ್ಜಿ ಹಾಕೀನಿ. ಈ ಸಲ ಕೂಗಿದಾಗ ಓ ಅಂತ ಒಳಗ ಬರ್ರಿ, ಜ್ವರ ಇತ್ತು ಅನ್ರಿ, ಸಾಕು. ದೆವ್ವಕ್ಕ ಧಮ್ ಇದ್ರ ನನ್ನ ಡೇಟ್ ತಗೊಂಡು ಬರಲಿ!"

"ನಗಬ್ಯಾಡಪ್ಪಾ. ಅದೂ ನಗತೈತಿ," ತಿಪ್ಪಕ್ಕ ಕೈ ಮುಗಿದ್ಲು.

ಹೊಳೆಮ್ಮ ಮೊದಲ ಸಲ ಮಾತಾಡಿದ್ಲು. "ನಾ ಓ ಅಂದ್ರ ಕೇಸ್ ತಿರುಗಿ ನಡೀತೈತೇನ್ರಿ? ನಮ್ಮ ಮಗಳು ಗಾಯತ್ರಿ ಸಾಲಿ ಬಿಟ್ಟು ಅದಿರು ಆರಿಸಾಕ ಹೋಗೂದು ತಪ್ಪತೈತೇನ್ರಿ?"

"ಗ್ಯಾರಂಟಿ."

"ಹಂಗಾರ ಅಂತೀನ್ರಿ."

ಕೋರ್ಟಿನ ದಿನ ಹೊಳೆಮ್ಮ ಮಗಳಿಗೆ ಎರಡು ಜಡಿ ಹಾಕಿದ್ಲು. ಭಾಳ ದಿನ ಬಿಚ್ಚಬಾರದಂಗ, ಬಿಗಿಯಾಗಿ. ಕೊರಳಿನ ಮಣಿಸರ ತಗದು ಅತ್ತಿ ಕೈಯಾಗ ಇಟ್ಲು. ಕೋರ್ಟಿನ ಪಡಸಾಲಿಯಾಗ ಬರಿಗೊರಳು ನೋಡಿ ವೇದಾಂತ್ ಅದಕ್ಕೂ ಚಾಷ್ಟಿ ಮಾಡಿದ. "ಏನಕ್ಕಾ, ಕ್ಲೈಮ್ಯಾಕ್ಸ್‌ಗೆ ರೆಡಿಯಾಗಿ ಬಂದೀರಿ?"

ಜವಾನ ಕೂಗಿದ. "ಹೊಳೆಮ್ಮಾ!"

ಕರೆಂಟ್ ಹೋತು. ಫ್ಯಾನು ಕಿರಗುಟ್ಟಿ ನಿಂತ್ವು. ಪಡಸಾಲಿಗೆ ಅರೆಗತ್ತಲ ಕವೀತು. ಸುಟ್ಟ ಲಿಂಬಿ ವಾಸನಿ. ಹಸೀ ಅದಿರಿನ ವಾಸನಿ.

"ಹೊಳೆಮ್ಮಾ!"

ಜವಾನನ ಬಾಯಿ ಮುಚ್ಚೇ ಇತ್ತು. ವೇದಾಂತ್ ನೋಡಿದ.

"ಹೊಳೀ... ಬಾರೇ."

ಗಂಡ ಅಷ್ಟ ಕರೀತಿದ್ದ ಹೆಸರು. ವರ್ಷಾನಗಟ್ಲೆ ಸಂಜಿ ಸಂಜಿಗೂ ಸೆರಗು ಕಚ್ಚಿ ತಡಕೊಂಡಿದ್ಲು. ಈಗ ಸೆರಗು ಬಿಟ್ಲು. ಬ್ಯಾಡ ಅಂತ ವೇದಾಂತ್ ಕೈ ಎತ್ತಿದ. ತಡ ಆತು.

"ಓ," ಅಂದ್ಲು ಹೊಳೆಮ್ಮ. ಕಣ್ಣಾಗ ನೀರು, ತುಟಿ ಮ್ಯಾಲ ನಗು. "ಬಂದೆ."

ಕರೆಂಟ್ ಬಂತು. ಅಕಿ ಒಳಗ ಹೋದ್ಲು, ಜ್ವರ ಅಂದ್ಲು. ಕೇಸ್ ಮತ್ತ ನಡೀಲಿ ಅಂತ ಜಡ್ಜ್ ಬರದ್ರು. ಹೊಳೆಮ್ಮ ಹೊರಗ ಬಂದು ಅದೇ ಬೆಂಚಿನ ಮ್ಯಾಲ ಕುಂತು ಗ್ವಾಡಿಗೆ ತಲಿ ಆನಿಸಿದ್ಲು.

"ಗೆದ್ವಿ ಅಕ್ಕಾ!" ವೇದಾಂತ್ ಹಿಂದ ಓಡಿ ಬಂದ.

ಅಕಿ ತುಟಿ ಸಂದಿಲಿಂದ ಕೆಂಪು ಪುಡಿ ಸೋರಾಕತ್ತಿತ್ತು.

ಮುಂದ ಪರಿಹಾರ ಮಂಜೂರಾತು. ಅದನ್ನ ಹೇಳಾಕ ವೇದಾಂತ್ ಸಂಜಿಮುಂದ ಗಾದಿಗನೂರಿಗೆ ಹೋದ. ಕಾಲರ್ ಇಳದಿತ್ತು. ತಾಟು ಮೆಲ್ಲಕ ಬಡಿದ. ತಿಪ್ಪಕ್ಕ ಬಾಗಿಲು ತಗದು, ಒಲಿ ಮುಂದ ಹೋಗಿ ಕುಂತ್ಲು. ಗಾಯತ್ರಿಯ ಜಡಿ ಒಂದು ಮ್ಯಾಲ, ಒಂದು ಕೆಳಗ ಇದ್ವು. ಈಗ ಜಡಿ ಹಾಕಾಕಿ ಮುದುಕಿ.

"ಇನ್ನ ನೀ ಸಾಲಿ ಬಿಡೂದು ಬ್ಯಾಡವ್ವಾ," ಅಂದ ವೇದಾಂತ್ ಅಕಿಗೆ.

ಆಗ ಹೊರಗ, ತಾಟು ಬಡೀಲಾರದ, ಒಂದು ದನಿ.

"ಗಾಯತ್ರೀ... ಜಡಿ ಹಾಕ್ತೀನಿ, ಬಾ ನನ್ನವ್ವಾ."

ಹುಡುಗಿ ಕಣ್ಣು ಅರಳಿದ್ವು. "ಅವ್ವ ಬಂದಾಳ್ರಿ ಮಾಮಾ. ದಿನಾ ಕರೀತಾಳ. ಒಂದ ಸಲ ಓ ಅನ್ಲೇನ್ರಿ?"

ವೇದಾಂತ್ ಕೂಸಿನ ಬಾಯಿ ಮ್ಯಾಲ ಅಂಗೈ ಒತ್ತಿ ಹಿಡಿದ. ಹುಡುಗಿ ಕಣ್ಣೀರಿಗೆ ಅಂಗೈ ತೊಯ್ತು. ಹೊರಗ ಅವ್ವ ಕರೀತಾನ ಇದ್ಲು.