ಕಾಣೆಯಾದ ಬೇಸಿನ್ ಕಲ್ಲು

ಸೋಮವಾರ ಬೆಳಿಗ್ಗೆ 9.10ಕ್ಕೆ ಮಾರ್ಬಲ್ ಅಂಗಡಿಯ ಮಾಲೀಕರು ಠಾಣೆಗೆ ಬಂದು ದೂರು ಕೊಟ್ಟರು. ವಾಷ್ ಬೇಸಿನ್ ಕೂರಿಸಲು ಕೊಯ್ದಿಟ್ಟಿದ್ದ, ಮೂರಡಿ ಉದ್ದ ಎರಡಡಿ ಅಗಲದ ಬಿಳಿ ಕಲ್ಲೊಂದು ಕಾಣೆಯಾಗಿತ್ತು. ಅಂದು ಅದರ ನಡುವೆ ತೂತು ಕೊರೆಯಬೇಕಿತ್ತು. ಇನ್‌ಸ್ಪೆಕ್ಟರ್ ಎಫ್‌ಐಆರ್ ದಾಖಲಿಸಿ, ಹೆಡ್ ಕಾನ್‌ಸ್ಟೆಬಲ್ ಜೊತೆ ಸ್ಥಳಕ್ಕೆ ಹೋದರು.

"ಪಕ್ಕದಲ್ಲೇ ಹತ್ತು ಪಟ್ಟು ಬೆಲೆಯ ಕಲ್ಲಿದೆ. ಈ ಕಳ್ಳನಿಗೆ ಕಣ್ಣಿಲ್ಲ ಮೇಡಂ," ಎಂದ ಹೆಡ್ ಕಾನ್‌ಸ್ಟೆಬಲ್.

"ನಮಗಿಲ್ಲದ ಕಣ್ಣೇನೋ ಇರಬೇಕು ಬಿಡ್ರಿ."

ಅವರು ಕಲ್ಲು ಕೊಯ್ಯುವವನನ್ನು ಕರೆದರು. "ಆ ಕಲ್ಲಲ್ಲಿ ಏನು ವಿಶೇಷ?"

"ಏನಿಲ್ಲ ಮೇಡಂ. ಮೊದಲ ಸುತ್ತಿನ ಪಾಲಿಷ್ ಅಷ್ಟೇ ಆಗಿತ್ತು. ಒಣಗಿದ್ರೆ ಬರೀ ಬಿಳಿ. ಉಜ್ಜುವಾಗ ನೀರು ಬಿಡ್ತೀವಲ್ಲ, ಆಗ ಕಂದು ಗೆರೆ ಎದ್ದು ಕಾಣುತ್ತೆ."

"ಉಜ್ಜಿದ್ದು ಯಾರು?"

"ಪಾಲಿಷ್ ಅಕ್ಕ. ಇವತ್ತು ಬಂದಿಲ್ಲ. ಆರು ವರ್ಷದಲ್ಲಿ ಇದೇ ಮೊದಲ ರಜೆ."

11.40ಕ್ಕೆ ಅವಳ ಒಂಟಿ ಕೋಣೆಯ ಬಾಗಿಲು ತಟ್ಟಿದರು. ಕಲ್ಲು ಗೋಡೆಗೆ ಒರಗಿತ್ತು. ನೆಲವೆಲ್ಲ ಒದ್ದೆ. ಅವಳು ಓಡಲಿಲ್ಲ, ಸುಳ್ಳೂ ಹೇಳಲಿಲ್ಲ.

"ಯಾಕಮ್ಮ ಕದ್ದೆ?"

"ಮೂಗಿನ ಮೇಲೇ ತೂತು ಕೊರೀತಿದ್ರು."

"ಯಾರ ಮೂಗು?"

"ನನ್ನ ಮಗಳದು. ಹುಟ್ಟಿದ ಗಳಿಗೇಲೇ ಹೋದ್ಲು. ನೋಡಿದ್ರೆ ಸಂಕಟ ಜಾಸ್ತಿ ಅಂತ ನಮ್ಮತ್ತೆ ಬಟ್ಟೆ ಸುತ್ತಿ ತಗೊಂಡು ಹೋದ್ರು."

"ಮುಖಾನೇ ನೋಡದೆ ಹೇಗೆ ಗುರುತು ಹಿಡಿದೆ?"

"ಬದುಕಿದ್ದಿದ್ರೆ ಈಗ ಹನ್ನೊಂದು ತುಂಬಿರೋದು. ನೀವೇ ನೋಡಿ."

ಇನ್‌ಸ್ಪೆಕ್ಟರ್ ಪಕ್ಕದ ಬಕೆಟ್ಟಿನಿಂದ ಒಂದು ಮಗ್ ನೀರೆತ್ತಿ ಕಲ್ಲಿನ ಮೇಲೆ ಸುರಿದರು. ನೀರು ಇಳಿದಂತೆ ಹಣೆ ಬಂತು, ಹುಬ್ಬು ಬಂತು, ಏನೋ ಕೇಳಲು ಹೊರಟಂತೆ ತುಸು ತೆರೆದ ತುಟಿ ಬಂತು. ಹನ್ನೊಂದು ವರ್ಷ. ಅದಕ್ಕಿಂತ ಒಂದು ದಿನ ಹೆಚ್ಚಿಲ್ಲ, ಕಡಿಮೆಯಿಲ್ಲ. ಯಾರ ತಾಯಿಯೂ ಇನ್ನೂ ಹುಟ್ಟಿರದ ಕಾಲದಲ್ಲಿ ಕಲ್ಲಿಗಿಳಿದ ಕಬ್ಬಿಣದ ಕಲೆ ಅದು ಎಂದು ಅವರಿಗೆ ಗೊತ್ತಿತ್ತು. ಗೊತ್ತಿದ್ದೂ ಇನ್ನೊಂದು ಮಗ್ ಸುರಿದರು. ಹಿಂದೆ ನಿಂತಿದ್ದ ಹೆಡ್ ಕಾನ್‌ಸ್ಟೆಬಲ್ ಟೋಪಿ ತೆಗೆದಿದ್ದ. ಯಾಕೆ ತೆಗೆದೆನೆಂದು ಅವನಿಗೂ ತಿಳಿದಂತಿರಲಿಲ್ಲ.

ಅಕ್ಕಪಕ್ಕದ ಮನೆಯ ಇಬ್ಬರನ್ನು ಪಂಚರಾಗಿ ಕರೆಸಿ ಜಪ್ತಿ ಪಂಚನಾಮೆ ಶುರುವಾಯಿತು.

"ಕಲ್ಲಿನ ಗುರುತು ಏನಂತ ಬರೀಲಿ ಮೇಡಂ?"

"ಕಂದು ಗೆರೆಗಳು ಅಂತ ಬರೀರಿ." ಮತ್ತೆ ಕಲ್ಲಿನ ಕಡೆ ತಿರುಗಿ, "ಹುಡುಗಿಯ ಮುಖದಂತಿವೆ ಅಂತಾನೂ ಸೇರಿಸಿ," ಎಂದರು.

ಪಂಚರು ತಕರಾರಿಲ್ಲದೆ ಸಹಿ ಹಾಕಿದರು.

"ವಾಪಸ್ ಕೊಟ್ಟು ಕೊರೆಸ್ತೀರಾ?" ಎಂದಳು ಅವಳು.

"ಕೋರ್ಟು ಹೇಳೋವರೆಗೆ ಯಾರೂ ಮುಟ್ಟೋ ಹಾಗಿಲ್ಲ. ವರ್ಷಗಳು ಹಿಡಿದರೂ ಹಿಡಿಯಬಹುದು."

"ಸಾಕು," ಎಂದು ಅವಳು ಚಪ್ಪಲಿ ಮೆಟ್ಟಿದಳು.

12.50ಕ್ಕೆ ಬಂಧನವಾಯಿತು. ಹನ್ನೊಂದು ವರ್ಷ ಅವಳು ಮಗಳಿಗಾಗಿ ಅತ್ತಿದ್ದಳು, ಆದರೆ ನೆನೆದುಕೊಳ್ಳಲು ಮುಖವಿರಲಿಲ್ಲ. ಜೀಪು ಹಳ್ಳ ಹಾರಿದಾಗಲೆಲ್ಲ ಅವಳ ಅಂಗೈ ಪಕ್ಕದಲ್ಲಿ ನಿಲ್ಲಿಸಿದ್ದ ಕಲ್ಲಿನ ಹಿಂಬದಿಗೆ ಆನಿಕೆಯಾಗುತ್ತಿತ್ತು. ಜಪ್ತಿ ಮಾಲು ಮುಟ್ಟಬಾರದೆಂದು ಇನ್‌ಸ್ಪೆಕ್ಟರ್ ಹೇಳಬೇಕಿತ್ತು. ಹೇಳಲಿಲ್ಲ.