ಉಪ್ಪು ತಾಗಿದ ಹಿಮ

"ಕೇಳೂದಾದ್ರ ಇಲ್ಲೇ ಕೇಳು ಶರಣ್. ಮನಿಗೆ ಒಯ್ಯಬ್ಯಾಡ. ಉಪ್ಪಂತೂ ಅದಕ್ಕ ತಾಗಸಲೇಬ್ಯಾಡ."

ಶೆಫೀಲ್ಡಿನ ಪ್ರಯೋಗಾಲಯದ ಶೀತಲ ಕೋಣೆಯಲ್ಲಿ ನಿಂತು ಚಿದಾನಂದ ಈ ಮಾತು ಹೇಳುವಾಗ ಗೆಳೆಯನ ಮುಖ ನೋಡಲಿಲ್ಲ. ಹಿಮದ ಮೇಲೆ ಪಿಎಚ್.ಡಿ. ಮಾಡಿದ ತನ್ನ ಬಾಯಿಂದ ಇಂಥ ಮಾತು ಬಂತಲ್ಲ ಎಂದು ಅವನಿಗೇ ನಾಚಿಕೆಯಾಗಿತ್ತು. ಇಬ್ಬರ ನಡುವೆ, ಉಕ್ಕಿನ ಮೇಜಿನ ಮೇಲೆ, ದೂರದ ಬೆಟ್ಟಗಳ ಸೋಹಾಲ್ ಎಂಬ ಹಿಮನದಿಯಿಂದ ಕೊರೆದು ತಂದ ತುಂಡುಗಳಿದ್ದವು. ಆ ಹಿಮನದಿ ನಗುತ್ತದೆ, ನರಳುತ್ತದೆ, ಬಿಕ್ಕುತ್ತದೆ ಎಂದು ಬೆಟ್ಟದವರು ಹೇಳುತ್ತಿದ್ದರು. ಊರ ಮೇಲಿನ ಸಿಟ್ಟಿಗೆ ಮಾಟಗಾರನೊಬ್ಬ ತೊಟ್ಟಿಲ ಕೂಸುಗಳ ದನಿಯನ್ನೆಲ್ಲ ಅದರೊಳಗೆ ಕಟ್ಟಿಹಾಕಿದನಂತೆ. ಉಪ್ಪು ತಾಗಿದರೆ ಆ ಹಿಮ ಹತ್ತಿರದಲ್ಲಿರುವ ಕೂಸಿನ ದನಿಯನ್ನೂ ಎಳೆದುಕೊಳ್ಳುತ್ತದಂತೆ.

"ಹಳೇ ಗಾಳಿಗುಳ್ಳಿ ಒಡಿಯೂ ಸಪ್ಪಳ ಅಂತ ನೀನೇ ಪೇಪರ್ ಬರದೀಯಲ್ಲೋ! ಒಂದು ತಾಯತ ಕಟ್ಟಿಸ್ಕೋ ಡಾಕ್ಟರ್ ಸಾಹೇಬ" ಎಂದು ಶರಣ್ ಹೊಟ್ಟೆ ಹಿಡಿದುಕೊಂಡು ನಕ್ಕ.

"ಬರದೀನಿ. ಅಲ್ಲಿ ಹೋಗಿ ಇರೂಕಿಂತ ಮೊದಲ ಬರದದ್ದು."

ಶರಣ್ ಧಾರವಾಡ ಬಿಟ್ಟು ಮ್ಯಾಂಚೆಸ್ಟರಿನ ಪಕ್ಕದ ಸಾಲ್ಫರ್ಡಿಗೆ ಬಂದು ಇನ್ನೂ ವರ್ಷ ತುಂಬಿರಲಿಲ್ಲ. ಟಿವಿ ಧಾರಾವಾಹಿಗಳಿಗೆ ಸದ್ದು ಕೂಡಿಸುವ ಕೆಲಸ. ಯಾರೂ ಕೇಳಿರದ ಸದ್ದೊಂದನ್ನು ತಂದುಕೊಟ್ಟು ಸ್ಟುಡಿಯೋದವರ ಬಾಯಿ ಮುಚ್ಚಿಸಬೇಕೆಂಬ ಹಟ ಅವನಿಗೆ. ಶೀತಲ ಕೋಣೆಯಲ್ಲೋ ಯಂತ್ರದ ಗುಂಯ್‌ಗುಡುವಿಕೆ ಬಿಟ್ಟರೆ ಏನೂ ಕೇಳಿಸದು. ಚಿದಾನಂದ ಫೋನು ಬಂತೆಂದು ಹೊರಗೆ ಹೋದ ಗಳಿಗೆಯಲ್ಲಿ ಮುಷ್ಟಿಗಾತ್ರದ ತುಂಡೊಂದು ಶರಣ್‌ನ ಅಗಲ ಬಾಯಿಯ ಥರ್ಮಾಸ್ ಸೇರಿತು.

ಮ್ಯಾಂಚೆಸ್ಟರಿನ ರೈಲು ಬೆಟ್ಟದಡಿಯ ಉದ್ದನೆಯ ಸುರಂಗ ಹೊಕ್ಕಾಗ ತೊಡೆಯ ಮೇಲಿನ ಚೀಲದೊಳಗೆ ಯಾರೋ ಸಣ್ಣಗೆ ಗುನುಗಿದರು. ಪಕ್ಕದವರ ಫೋನಿರಬೇಕು ಎಂದುಕೊಂಡ. ಪಕ್ಕದ ಸೀಟಿನಲ್ಲಿ ಯಾರೂ ಇರಲಿಲ್ಲ.

ಮನೆ ಮುಟ್ಟಿದಾಗ ಮಧ್ಯಾಹ್ನ ಮುಗಿದಿತ್ತು, ಡಿಸೆಂಬರಿನ ಕತ್ತಲು ಆಗಲೇ ಕಿಟಕಿಗೆ ಅಂಟಿತ್ತು. ಹೆಂಡತಿ ಸೌಮ್ಯಾ ಆಸ್ಪತ್ರೆಯ ಡ್ಯೂಟಿಯಲ್ಲಿದ್ದಳು. ಒಳಕೋಣೆಯಲ್ಲಿ ಅವ್ವ ಶಿವಗಂಗಾ ಮೊಮ್ಮಗಳು ನಿರುಪಮಾಳನ್ನು ಆಡಿಸುತ್ತಿದ್ದಳು. ಹುಟ್ಟಿದಾಗ ಎಷ್ಟೋ ಹೊತ್ತು ಅಳದೆ ಎಲ್ಲರ ಜೀವ ಬಾಯಿಗೆ ತಂದ ಕೂಸು ಅದು. ಕೊನೆಗೆ ಅದು ಕಿಟಾರನೆ ಕಿರುಚಿದಾಗ ಶರಣ್ ನೆಲದ ಮೇಲೆ ಕುಸಿದು ಅತ್ತಿದ್ದ. ಅಂದಿನಿಂದ ಅವಳ ಅಳುವೆಂದರೆ ಅವನಿಗೆ ಹಬ್ಬ.

ಹಿಮದ ವಿಷಯವನ್ನು ಅವ್ವನಿಗೆ ಹೇಳಲಿಲ್ಲ. ಹೇಳಿದರೆ ವಿಭೂತಿ ಹಿಡಿದು ಮನೆಯೆಲ್ಲ ಸುತ್ತುತ್ತಾಳೆ. ಅಡುಗೆಮನೆಯ ಕಟ್ಟೆಯ ಮೇಲೆ ಸ್ಟೀಲಿನ ಬೋಗುಣಿಯಲ್ಲಿ ನೀರು ತುಂಬಿ, ತುಂಡು ಬಿಟ್ಟು, ನೀರೊಳಗಿನ ಮೈಕು ಇಳಿಸಿ, ಹೆಡ್‌ಫೋನ್ ಬಿಗಿದುಕೊಂಡು ಕಣ್ಣು ಮುಚ್ಚಿದ.

ಮೊದಲು ಒಗ್ಗರಣೆಯ ಸಾಸಿವೆ ಸಿಡಿದಂಥ ಸದ್ದು. ಆಮೇಲೆ ನಗು. ಒಂದಲ್ಲ, ಹಲವು, ಒಂದರ ಹಿಂದೆ ಒಂದು. ಒದ್ದೆ ಕಂಬಳಿಯ ವಾಸನೆ, ಹುಳಿತ ಹಾಲಿನ ವಾಸನೆ ಮೂಗಿಗೆ ಅಡರಿತು. ನಗು ಬಿಕ್ಕಾಯಿತು. ಬಿಕ್ಕು ಅಳುವಾಯಿತು. ಹೆದರಿಕೆಯಾಯಿತು, ಹೌದು. ಆದರೂ ಇಂಥ ಸದ್ದು ಸಿಕ್ಕಿತಲ್ಲ ಎಂಬ ಖುಷಿ ಹೆದರಿಕೆಗಿಂತ ಒಂದು ಕೈ ಹೆಚ್ಚಾಗಿತ್ತು.

ಒಳಕೋಣೆಯಲ್ಲಿ ನಿರುಪಮಾಳೂ ಅಳುತ್ತಿದ್ದದ್ದು ಅವನಿಗೆ ಕೇಳಿಸಲಿಲ್ಲ. ಎತ್ತಿಕೊಂಡರೂ ಅಳು ನಿಲ್ಲಲಿಲ್ಲ, ಹಾಲು ಕೊಟ್ಟರೂ ನಿಲ್ಲಲಿಲ್ಲ. ಕೂಸಿಗೆ ನದರಾಗಿದೆ, ಯಾರದೋ ಕೆಟ್ಟ ದೃಷ್ಟಿ ತಾಗಿದೆ ಎಂದು ಶಿವಗಂಗಾ ತೀರ್ಮಾನಿಸಿದಳು. ಹಿಂದೊಮ್ಮೆ ನದರು ತೆಗೆಯಲು ಅವಳು ಒಲೆಯ ಮೇಲೆ ಮೆಣಸಿನಕಾಯಿ ಸುಟ್ಟಾಗ, ಹೊಗೆಗೆ ಅಲಾರ್ಮ್ ಬಡಿದುಕೊಂಡು, ಕಟ್ಟಡದ ಜನರೆಲ್ಲ ಚಪ್ಪಲಿಯಲ್ಲೇ ಚಳಿಗೆ ಇಳಿದಿದ್ದರು. "ಇನ್ನ ಮ್ಯಾಲೆ ಬರೇ ಉಪ್ಪು ನಿವಾಳಿಸಿ ನೀರಾಗ ಹಾಕವ್ವಾ, ಸಾಕು" ಎಂದು ಕೈಮುಗಿದವನು ಶರಣ್‌ನೇ.

ಅವಳು ಹಾಗೇ ಮಾಡಿದಳು. ಕೂಸನ್ನು ಸೊಂಟಕ್ಕೇರಿಸಿಕೊಂಡು ಅಡುಗೆಮನೆಗೆ ಬಂದು, ಹಿಡಿ ಉಪ್ಪು ನಿವಾಳಿಸಿ, ಎದುರಿಗೇ ಕಂಡ ಬೋಗುಣಿಯ ನೀರಿನ ಮೇಲೆ ಮುಷ್ಟಿ ಬಿಚ್ಚಿದಳು.

ಹೆಡ್‌ಫೋನಿನಲ್ಲಿ ಎಲ್ಲ ನಿಂತಿತು. ಒಮ್ಮೆಲೇ ನಿಂತಿತು.

ಅವನು ಕಣ್ಣು ತೆರೆದ. ಅವ್ವನ ಬೆರಳು. ಬೆರಳಿಗಂಟಿದ ಬಿಳಿ ಹರಳು. ಹಿಮ ಬುಸುಗುಟ್ಟಿತು. ಬಿರಿಯಿತು. ಇಲ್ಲವಾಯಿತು. ಕಿವಿಯಲ್ಲಿ ಒಂದೇ ಒಂದು ಅಳು ಎದ್ದಿತು. ಅವನು ಅದನ್ನು ಬಲ್ಲ. ಎಲ್ಲಿದ್ದರೂ ಬಲ್ಲ. ನೀರಿನೊಳಗಿಂದ ಬರುತ್ತಿತ್ತು. ಹೆಡ್‌ಫೋನ್ ಕಿತ್ತೆಸೆದ.

ಮನೆಯಲ್ಲಿ ನಿಶ್ಶಬ್ದ. ನಿರುಪಮಾಳ ಬಾಯಿ ತೆರೆದಿತ್ತು. ಮುಖ ಕೆಂಪೇರಿತ್ತು. ಕಣ್ಣೀರು ಧಾರೆಯಾಗಿತ್ತು. ಸದ್ದಿಲ್ಲ.

"ನೋಡು, ಸುಮ್ಮನಾದ್ಲು" ಎಂದಳು ಶಿವಗಂಗಾ, ಇನ್ನೂ ಕೂಸಿನ ಮುಖ ನೋಡದೆ. ನದರಿನ ನೀರು ಮನೆಯಲ್ಲಿಡಬಾರದೆಂದು ಬೋಗುಣಿ ಎತ್ತಿ ಸಿಂಕಿನ ಮೇಲೆ ಬಗ್ಗಿಸಿದಳು.

"ಚೆಲ್ಲಬ್ಯಾಡವ್ವಾ!"

ಅವನು ಕಸಿದುಕೊಂಡ. ಎದೆಗೊತ್ತಿಕೊಂಡ. ಒಂದು ಹನಿಯೂ ಕೆಳಗೆ ಬೀಳಲಿಲ್ಲ.

ಶರಣ್ ಫೋನು ಮಾಡಿ ಎಲ್ಲ ಒಪ್ಪಿಕೊಂಡಾಗ ಚಿದಾನಂದ ಬಯ್ಯಲಿಲ್ಲ. "ನೀರು ಐತೇನು? ಹಂಗಾರ ದನಿ ಅದರಾಗ ಐತಿ. ಹೆಪ್ಪುಗಟ್ಟಸು. ಮತ್ತ ಎಂದೂ ಕರಗಗೊಡಬ್ಯಾಡ. ಕರಗಿತಂದ್ರ ನೀರಿನ ಜೋಡಿ ಹೋಗ್ತದ."

"ತಿರುಗಿ ಆಕಿಗೆ ಕೊಡೂದು ಹೆಂಗೋ?"

"ಅದು ಅಲ್ಲಿಯವರಿಗೂ ಗೊತ್ತಿಲ್ಲ."

ಡಾಕ್ಟರುಗಳು ಗಂಟಲಲ್ಲಿ ಏನೂ ದೋಷವಿಲ್ಲವೆಂದರು. ನಿರುಪಮಾ ಉಣ್ಣುತ್ತಾಳೆ, ಅಂಬೆಗಾಲಿಡುತ್ತಾಳೆ, ಬಿದ್ದರೆ ಸದ್ದಿಲ್ಲದೆ ಅಳುತ್ತಾಳೆ. ಅವಳು ಅತ್ತಾಗೆಲ್ಲ ಆ ಬೋಗುಣಿಯನ್ನಿಟ್ಟ ಫ್ರೀಜರಿನಿಂದ ಅಳು ಕೇಳುತ್ತದೆ. ಸೌಮ್ಯಾ ಗಂಡನೊಡನೆ ಮಾತು ಬಿಟ್ಟಿದ್ದಾಳೆ. ಡ್ಯೂಟಿ ಮುಗಿಸಿ ಬಂದವಳೇ ಕೋಟು ಸಹ ತೆಗೆಯದೆ ಫ್ರೀಜರಿನ ಬಾಗಿಲಿಗೆ ಕಿವಿಯಿಟ್ಟು ಕೂರುತ್ತಾಳೆ. ಕರೆಂಟು ಹೋದೀತೆಂಬ ಭಯಕ್ಕೆ ಶರಣ್ ಊರು ಬಿಟ್ಟು ಹೋಗುವುದಿಲ್ಲ. ಶಿವಗಂಗಾ ಉಪ್ಪು ಮುಟ್ಟುವುದಿಲ್ಲ.

ಮೊನ್ನೆ ನಿರುಪಮಾ ಅಡುಗೆಮನೆಯ ನೆಲದ ಮೇಲೆ ಕೂತು, ಅವನನ್ನೇ ದಿಟ್ಟಿಸಿ, ಮೊದಲ ಸಲ ತುಟಿ ಕೂಡಿಸಿ ಬಿಡಿಸಿದಳು. ಬೆನ್ನ ಹಿಂದಿನ ಫ್ರೀಜರು ಸ್ಪಷ್ಟವಾಗಿ, "ಅಪ್ಪಾ" ಎಂದಿತು.

ಅವನು ಅವಳನ್ನು ಬಾಚಿಕೊಂಡ. ತುಟಿ ಮತ್ತೆ ಅಲುಗಿತು.

"ಥಂಡಿ."

ಆ ಮಾತನ್ನು ಮನೆಯಲ್ಲಿ ಯಾರೂ ಅವಳಿಗೆ ಕಲಿಸಿರಲಿಲ್ಲ.