ಬೆಡ್‌ಶೀಟಿನ ಹಿಂದಿನ ಮ್ಯಾನೇಜರ್

ಒಣಹಾಕಿದ ಬೆಡ್‌ಶೀಟುಗಳ ಹಿಂದೆ ನಿಂತು ಟೇಪು ಮೂರು ಸಲ ಕೆಮ್ಮಿದಳು. ಬ್ಯಾಂಕ್ ಮ್ಯಾನೇಜರ್ ಕೆಮ್ಮುವುದು ಹಾಗೆಯೇ. ಎರಡು ಸಣ್ಣದು, ಒಂದು ದೊಡ್ಡದು.

ಅವಳ ನಿಜವಾದ ಹೆಸರು ಇದ್ದದ್ದು ಹಾಜರಿ ಪುಸ್ತಕದಲ್ಲಿ ಮಾತ್ರ. ಕೇಳಿದ ದನಿಯನ್ನೆಲ್ಲ ಟೇಪ್‌ರೆಕಾರ್ಡರಿನಂತೆ ಹಾಗೇ ವಾಪಸ್ ಕೊಡುತ್ತಿದ್ದಳಾದ್ದರಿಂದ ಎಲ್ಲರ ಬಾಯಲ್ಲೂ ಟೇಪು. ಒಮ್ಮೆ ಹೆಡ್‌ಮಿಸ್ ದನಿಯಲ್ಲಿ ಐದನೇ ಕ್ಲಾಸಿಗೆ ರಜೆಯನ್ನೇ ಕೊಟ್ಟುಬಿಟ್ಟಿದ್ದಳು.

ಈಗ ಕೈಯಲ್ಲಿ ಪಕ್ಕದಂಗಡಿಯ ಟೈಲರ್ ಚಿಕ್ಕಮ್ಮನ ಹೊಸ ಫೋನು. ನಂಬರೂ ಹೊಸದು. ಚಿಕ್ಕಮ್ಮ ಪಕ್ಕದಲ್ಲೇ ನಗು ತಡೆಯಲು ಬಾಯಿ ಮುಚ್ಚಿಕೊಂಡು ಕಾಯುತ್ತಿದ್ದಳು. ಕಿಟಕಿಯಾಚೆ, ಲಾಂಡ್ರಿಯೊಳಗೆ, ಅಮ್ಮ ಇಸ್ತ್ರಿ ಮಾಡುತ್ತಿದ್ದಳು.

ಲಾಂಡ್ರಿಯ ಎರಡು ದೊಡ್ಡ ಮಷೀನುಗಳಿಗಾಗಿ ಅಮ್ಮ ಬ್ಯಾಂಕಿನಲ್ಲಿ ಸಾಲ ಮಾಡಿದ್ದಳು. ಬಟ್ಟೆ ಕಳಿಸುತ್ತಿದ್ದ ಹೋಟೆಲು ಮುಚ್ಚಿದ ಮೇಲೆ ಕಂತು ನಿಂತಿತು, ಬಡ್ಡಿ ನಿಲ್ಲಲಿಲ್ಲ. ಮಷೀನು ಎತ್ತಿಕೊಂಡು ಹೋಗುತ್ತೇವೆ ಎಂದು ನೋಟಿಸು ಬಂತು. ಅಸಲು ಪೂರ್ತಿ ಕಟ್ಟುತ್ತೇನೆ, ಬಡ್ಡಿಯಲ್ಲಿ ಸ್ವಲ್ಪ ಬಿಡಿ, ಒಂದು ವರ್ಷ ಸಮಯ ಕೊಡಿ ಎಂದು ಅಮ್ಮ ಕೋರ್ಟಿಗೆ ಅರ್ಜಿ ಹಾಕಿದಳು. ಬಡ್ಡಿ ಬಿಡಿ ಎಂದು ಬ್ಯಾಂಕಿಗೆ ತಾನು ಹುಕುಂ ಮಾಡಲಾಗದು, ಆದರೆ ಮಷೀನು ಎತ್ತುವ ಮೊದಲು ಈಕೆಯನ್ನು ಎದುರು ಕೂರಿಸಿಕೊಂಡು ಕೇಳಿ ಎಂದರು ಜಡ್ಜ್.

ಕೂರುವುದು ಸೋಮವಾರ. ಕಷ್ಟ ಇದ್ದದ್ದೇ ಅಲ್ಲಿ. ದೊಡ್ಡ ಮೇಜಿನ ಹಿಂದೆ ಯಾರೇ ಕೂತಿರಲಿ, ಅಮ್ಮನ ನಾಲಿಗೆಗೆ ಗಂಜಿ ಹಾಕಿದಂತಾಗುತ್ತಿತ್ತು. ಕೋರ್ಟಿನಲ್ಲಿ ಅವಳ ಹೆಸರನ್ನೂ ವಕೀಲರೇ ಹೇಳಬೇಕಾಯಿತು. ಸೋಮವಾರ ವಕೀಲರು ಬರುವುದಿಲ್ಲ. ಮೂರು ದಿನದಿಂದ ಅಮ್ಮ ನಕ್ಕಿರಲಿಲ್ಲ. ಎರಡನೇ ಮಾತಿಗೇ ಕಂಡುಹಿಡಿಯುತ್ತಾಳೆ, ಬೈಯುತ್ತಾಳೆ, ನಗುತ್ತಾಳೆ ಎಂದು ಟೇಪುವಿನ ಲೆಕ್ಕ. ನಂಬರು ಒತ್ತಿದಳು; ಕಿಟಕಿಯಾಚೆ ಅಮ್ಮ ಇಸ್ತ್ರಿ ಮಾಡುತ್ತಲೇ ಫೋನು ಕಿವಿಗಿಟ್ಟುಕೊಂಡಳು.

"ನೋಡೀಮ್ಮಾ, ಸೋಮವಾರ ಬರೋದೇ ಬೇಡ. ಬಡ್ಡಿ ಚೂರೂ ಬಿಡಲ್ಲ. ಮಷೀನು ನಾಳೆನೇ ಎತ್ತಿಸ್ತೀನಿ."

ಅಮ್ಮ ಇಸ್ತ್ರಿಪೆಟ್ಟಿಗೆಯನ್ನು ನೆಟ್ಟಗೆ ನಿಲ್ಲಿಸಿದಳು. ಬೆನ್ನೂ ನೆಟ್ಟಗಾಯಿತು.

"ಸಾರ್, ಕೂರಿಸಿ ಕೇಳಿ ಅಂದಿದಾರೆ ಜಡ್ಜ್ ಸಾಹೇಬ್ರು. ಕೇಳಿ. ಹೋಟೆಲ್ ಮುಚ್ಚೋವರೆಗೂ ಒಂದು ಕಂತೂ ತಪ್ಪಿಸಿಲ್ಲ. ಈಗ ಎರಡು ಹಾಸ್ಟೆಲ್ ಬಟ್ಟೆ ಹಿಡಿದಿದೀನಿ. ಅಯ್ಯೋ ಪಾಪ ಅನ್ನಿ ಅಂತ ಕೇಳ್ತಿಲ್ಲ. ಮಷೀನ್ ಎತ್ಕೊಂಡು ಹೋದ್ರೆ ನಿಮಗೆ ಸಿಗೋದು ಹಳೇ ಕಬ್ಬಿಣ. ಇಲ್ಲೇ ಬಿಟ್ರೆ ನಿಮ್ಮ ದುಡ್ಡು. ಸೋಮವಾರ ಬಂದೇ ಬರ್ತೀನಿ."

ಟೇಪುವಿನ ಗಂಟಲಿನಿಂದ ಮ್ಯಾನೇಜರ್ ಎದ್ದು ಹೋದರು. "ಅಮ್ಮಾ, ನಾನು," ಎಂದಳು ತನ್ನದೇ ಸಣ್ಣ ದನಿಯಲ್ಲಿ.

ಅಮ್ಮ ಹೊರಗೆ ಬಂದು ಬೆಡ್‌ಶೀಟು ಸರಿಸಿದಳು. ಟೇಪು ಎರಡೂ ಕಿವಿ ಭದ್ರವಾಗಿ ಹಿಡಿದುಕೊಂಡಳು. ಚಿಕ್ಕಮ್ಮ ಇದರಲ್ಲಿ ತನ್ನದೇನೂ ಇಲ್ಲ ಎಂಬಂತೆ ದಿಂಬಿನ ಕವರು ಮಡಚತೊಡಗಿದಳು.

"ಕತ್ತೆ," ಎಂದಳು ಅಮ್ಮ. ಆಮೇಲೆ ಮೆಲ್ಲಗೆ, "ಅಷ್ಟೆಲ್ಲ ನಾನೇ ಹೇಳಿದ್ನಾ?"

ಚಿಕ್ಕಮ್ಮ ಹೌದೆಂದು ತಲೆಯಾಡಿಸಿದಳು.

"ಹಳೇ ಕಬ್ಬಿಣ ಅಂದ್ನಾ? ಮ್ಯಾನೇಜರಿಗೇ?"

ಅಮ್ಮ ಹಗ್ಗದ ಕಂಬ ಹಿಡಿದುಕೊಂಡು ನಕ್ಕಳು. ಕಣ್ಣಲ್ಲಿ ನೀರು ಬರುವವರೆಗೂ ನಕ್ಕಳು. ಚಿಕ್ಕಮ್ಮನೂ ನಕ್ಕಳು.

ಟೇಪು ಆ ಮಾತುಗಳನ್ನು ಅಮ್ಮನ ದನಿಯಲ್ಲಿ ತುಟಿಯೊಳಗೇ ಹೇಳಿ ನೋಡಿದಳು. ಮಾತೆಲ್ಲ ಬಂತು. ದನಿ ಬರಲಿಲ್ಲ. ಇನ್ನೊಮ್ಮೆ ನೋಡಿದಳು, ಬರಲಿಲ್ಲ. ಆಮೇಲೆ ಅಮ್ಮನನ್ನೇ ನೋಡುತ್ತ ನಿಂತಳು. ಅಮ್ಮ ಇನ್ನೂ ನಗುತ್ತಿದ್ದಳು, ಎಲ್ಲರಿಗಿಂತ ಜೋರಾಗಿ.